ಕೊಳದ ಕ್ಲೋರಿನ್ ಜೊತೆ ಒಂದು ಚೀಟಿಯನ್ನೂ ಕೊಡಿ: ತರಗುಪೇಟೆಯ ಕೆಮಿಕಲ್ ವರ್ತಕರಿಗೆ ಬಹಿರಂಗ ಪತ್ರ

ಬೆಂಗಳೂರಿನ ಹಳೇ ತರಗುಪೇಟೆ, ಹೊಸ ತರಗುಪೇಟೆಗಳಲ್ಲಿ ಬ್ಲೀಚಿಂಗ್ ಪೌಡರ್, ಆ್ಯಸಿಡ್, ಪಟಿಕ, ಸೋಡಾ ಮಾರುವ ಎಲ್ಲ ವರ್ತಕ ಬಂಧುಗಳೇ,

ಶಿವರಾತ್ರಿ ಕಳೆದು ಬಿಸಿಲು ಏರುತ್ತಿದ್ದಂತೆ ನಿಮ್ಮ ಗಲ್ಲಾದ ಮುಂದೆ ಒಂದು ಬಗೆಯ ಗಿರಾಕಿ ಹೆಚ್ಚಾಗುತ್ತಾನೆ. ಅವನು ದೋಬಿಯಲ್ಲ, ಆಸ್ಪತ್ರೆಗೆ ಫಿನಾಯಿಲ್ ಒದಗಿಸುವ ಗುತ್ತಿಗೆದಾರನೂ ಅಲ್ಲ. ಕನಕಪುರ ರಸ್ತೆಯ ಆಚೆಗೋ ದೇವನಹಳ್ಳಿಯ ಕಡೆಗೋ ಇರುವ ಒಂದು ದೊಡ್ಡ ಮನೆಯ ಕೇರ್‌ಟೇಕರ್, ಇಲ್ಲವೇ ಅಪಾರ್ಟ್‌ಮೆಂಟಿನ ಹೌಸ್‌ಕೀಪಿಂಗ್ ಹುಡುಗ. ಮನೆ ಹಿಂದೆ ಈಜುಕೊಳವಿದೆ, ಮಕ್ಕಳಿಗೆ ಪರೀಕ್ಷೆ ಮುಗಿಯುತ್ತಿದೆ, ನೀರು ಹಸಿರು ತಿರುಗಿದೆ. 'ಅಣ್ಣಾ, ಸ್ವಿಮ್ಮಿಂಗ್ ಪೂಲ್‌ಗೆ ಹಾಕೋದು ಕೊಡಿ' ಎನ್ನುತ್ತಾನೆ. ಎಷ್ಟು ಲೀಟರಿನ ಕೊಳ ಎಂದು ಅವನಿಗೆ ಗೊತ್ತಿರುವುದಿಲ್ಲ, ಅಂಗಡಿಯವರು ಕೇಳುವುದೂ ಇಲ್ಲ. ಐದು ಕೆ.ಜಿ. ಬ್ಲೀಚಿಂಗ್ ಪೌಡರು ಪ್ಲಾಸ್ಟಿಕ್ ಕವರಿನಲ್ಲಿ, ಐದು ಲೀಟರ್ ಆ್ಯಸಿಡ್ ಕ್ಯಾನಿನಲ್ಲಿ, ಒಂದಿಷ್ಟು ಪಟಿಕ, ಪಾಚಿಗೆಂದು ಕಾಲು ಕೆ.ಜಿ. ಮೈಲುತುತ್ತ. ಎಲ್ಲವೂ ಒಂದೇ ರಟ್ಟಿನ ಪೆಟ್ಟಿಗೆಗೆ ಇಳಿದು, ಸ್ಕೂಟರಿನಲ್ಲಿ ಅವನ ಕಾಲ ಬಳಿ ಕೂತು, ಕಲಾಸಿಪಾಳ್ಯದ ಗದ್ದಲ ದಾಟಿ ಹೊರಡುತ್ತದೆ.

ಎಲ್ಲ ಅಂಗಡಿಯಲ್ಲೂ ಹೀಗೇ ನಡೆಯುತ್ತದೆ ಎಂದು ಈ ಪತ್ರ ಹೇಳುತ್ತಿಲ್ಲ. ತಿಳಿಸಿ ಹೇಳಿ, ಬೇರೆ ಬೇರೆ ಕಟ್ಟಿ ಕೊಡುವವರು ನಿಮ್ಮಲ್ಲಿ ಇದ್ದಾರೆ. ಆದರೆ ಅದು ವರ್ತಕರೊಬ್ಬರ ಒಳ್ಳೆಯತನಕ್ಕೆ ಬಿಟ್ಟ ವಿಷಯವಾಗಿಯೇ ಉಳಿದಿದೆ, ಇಡೀ ಪೇಟೆಯ ರೂಢಿಯಾಗಿಲ್ಲ.

ಕೊಳದ ಮಾಲೀಕರಿಗೆ ಬರೆಯುವುದನ್ನು ಬಿಟ್ಟು ನಿಮಗೇ ಏಕೆ ಬರೆಯಬೇಕು? ಕೊಳ ಕಟ್ಟಿದ ಕಂಪನಿಯವರು ಕೀಲಿಕೈ ಕೊಟ್ಟು ಹೋದ ಮೇಲೆ ಮತ್ತೆ ಅಪರೂಪಕ್ಕೆ ಬರುತ್ತಾರೆ. ಡ್ರಮ್ಮಿನ ಮೇಲಿನ ಎಚ್ಚರಿಕೆ ಇಂಗ್ಲಿಷಿನಲ್ಲಿರುತ್ತದೆ, ಡ್ರಮ್ ಒಡೆದು ಚಿಲ್ಲರೆ ಮಾರಿದಾಗ ಅದೂ ಗಿರಾಕಿಗೆ ಸಿಗುವುದಿಲ್ಲ. ಮನೆಯ ಮಾಲೀಕರು ಆಫೀಸಿನಲ್ಲಿರುತ್ತಾರೆ. ಕೈಯಾರೆ ರಾಸಾಯನಿಕ ಸುರಿಯುವ ಹುಡುಗ ಈ ವಿಷಯ ಬಲ್ಲವರೊಬ್ಬರ ಜೊತೆ ಮಾತಾಡುವುದಿದ್ದರೆ ಅದು ನಿಮ್ಮ ಗಲ್ಲಾದ ಮುಂದೆ ಮಾತ್ರ. ಅಕ್ಕಿ ಹಳೆಯದೋ ಹೊಸದೋ, ಪಾವಿಗೆ ಎಷ್ಟು ನೀರು ಇಡಬೇಕು ಎಂದು ಹೇಳಿಯೇ ಅಳೆದು ಕೊಡುತ್ತಿದ್ದ ಪೇಟೆ ಇದು. ಅದೇ ಮಾತನ್ನು ಕ್ಲೋರಿನ್ ಬಗ್ಗೆಯೂ ಹೇಳಿ ಎಂಬುದಷ್ಟೇ ಇಲ್ಲಿನ ಕೋರಿಕೆ.

ಮೊದಲು ಲೆಕ್ಕ. ಎಂಟು ಮೀಟರ್ ಉದ್ದ, ನಾಲ್ಕು ಮೀಟರ್ ಅಗಲ, ಸರಾಸರಿ 1.25 ಮೀಟರ್ ಆಳದ ಮನೆಯ ಕೊಳದಲ್ಲಿ 40,000 ಲೀಟರ್ ನೀರು ಹಿಡಿಯುತ್ತದೆ. ಈಜುವ ನೀರಿನಲ್ಲಿ ಬಿಡಿ ಕ್ಲೋರಿನ್ (ಕೊಳೆಯ ಜೊತೆ ಸೇರದೆ ಉಳಿದದ್ದು) 1ರಿಂದ 3 ಪಿಪಿಎಂ, ಅಂದರೆ ಲೀಟರಿಗೆ 1ರಿಂದ 3 ಮಿಲಿಗ್ರಾಂ ಇರಬೇಕು ಎಂಬುದು ಸಾಮಾನ್ಯವಾಗಿ ಒಪ್ಪಿದ ಅಳತೆ. ಈ ಕೊಳದಲ್ಲಿ ಒಂದು ಪಿಪಿಎಂ ಏರಿಸಲು ಬೇಕಾಗುವುದು 40 ಗ್ರಾಂ ಕ್ಲೋರಿನ್ ಅಷ್ಟೇ. ಶೇಕಡಾ 33ರ ತಾಜಾ ಬ್ಲೀಚಿಂಗ್ ಪೌಡರಾದರೆ ಸುಮಾರು 120 ಗ್ರಾಂ, ಶೇಕಡಾ 65ರ ಕ್ಯಾಲ್ಸಿಯಂ ಹೈಪೋಕ್ಲೋರೈಟ್ ಆದರೆ 60 ಗ್ರಾಂ, ಶೇಕಡಾ 90ರ ಟಿಸಿಸಿಎ (ಟ್ರೈಕ್ಲೋರೋಐಸೋಸಯನ್ಯೂರಿಕ್ ಆಮ್ಲ) ಆದರೆ 45 ಗ್ರಾಂ, ಶೇಕಡಾ 10ರ ಹೈಪೋ (ಸೋಡಿಯಂ ಹೈಪೋಕ್ಲೋರೈಟ್) ದ್ರಾವಣವಾದರೆ 400 ಮಿಲಿಲೀಟರ್. ಇವು ನಾಲ್ಕೂ ಗಿರಾಕಿಯ ಬಾಯಲ್ಲಿ 'ಕ್ಲೋರಿನ್' ಎಂಬ ಒಂದೇ ಹೆಸರಿನಲ್ಲಿ ಓಡಾಡುತ್ತವೆ. ಕಳೆದ ವರ್ಷ ಬ್ಲೀಚಿಂಗ್ ಪೌಡರು ಅರ್ಧ ಕೆ.ಜಿ. ಹಾಕಿ ರೂಢಿಯಾದವನು ಈ ವರ್ಷ ಟಿಸಿಸಿಎಯನ್ನೂ ಅರ್ಧ ಕೆ.ಜಿ. ಸುರಿದರೆ ನೀರಿನಲ್ಲಿ ಒಂದೇ ಏಟಿಗೆ 11 ಪಿಪಿಎಂ ಏರುತ್ತದೆ. ಅದರೊಳಗೆ ಮಕ್ಕಳನ್ನು ಇಳಿಸುವಂತಿಲ್ಲ.

ಸರಕಿನ ವಯಸ್ಸೂ ಈ ಲೆಕ್ಕಕ್ಕೆ ಸೇರಬೇಕು. ಬಾಯಿ ಬಿಚ್ಚಿದ ಬ್ಲೀಚಿಂಗ್ ಚೀಲ ಮಳೆಗಾಲದ ತೇವದಲ್ಲಿ ದಿನೇದಿನೇ ಕಸುವು ಕಳೆದುಕೊಳ್ಳುತ್ತದೆ. ಹೈಪೋ ದ್ರಾವಣ ಇನ್ನೂ ಬೇಗ ಸೋಲುತ್ತದೆ, ಬಿಸಿಲಿಗೆ ಇಟ್ಟ ಕ್ಯಾನು ಏಪ್ರಿಲ್ ತಿಂಗಳಲ್ಲಿ ಕೆಲವೇ ವಾರಗಳಲ್ಲಿ ತೀರಾ ತೆಳುವಾಗುತ್ತದೆ. ತಯಾರಾದ ದಿನಾಂಕ ಗೊತ್ತಿಲ್ಲದ ಕ್ಲೋರಿನ್ ಮಾರುವುದೆಂದರೆ ಎಷ್ಟು ಬಲದ ಸರಕು ಎಂದು ತಿಳಿಯದೆ ಮಾರಿದಂತೆಯೇ.

ಇನ್ನು ಪಿಎಚ್, ಅಂದರೆ ನೀರಿನ ಆಮ್ಲ-ಕ್ಷಾರದ ಅಳತೆ. ಈ ಪತ್ರದಲ್ಲಿ ಒಂದೇ ಒಂದು ಸಂಗತಿಯನ್ನು ಗಿರಾಕಿಗೆ ಹೇಳಲು ನಿಮಗೆ ಪುರಸೊತ್ತಿದ್ದರೆ ಅದು ಇದಾಗಲಿ. ನೀರಿಗೆ ಬಿದ್ದ ಕ್ಲೋರಿನ್ ಎರಡು ರೂಪಗಳಲ್ಲಿ ಇರುತ್ತದೆ. ಒಂದು ಹೈಪೋಕ್ಲೋರಸ್ ಆಮ್ಲ, ಇದೇ ರೋಗಾಣು ಕೊಲ್ಲುವುದು. ಇನ್ನೊಂದು ಹೈಪೋಕ್ಲೋರೈಟ್ ಅಯಾನು, ಇದು ಬಲು ದುರ್ಬಲ. ಯಾವುದು ಎಷ್ಟು ಎಂದು ತೀರ್ಮಾನಿಸುವುದು ಪಿಎಚ್. ಅದು 7.2 ಇದ್ದಾಗ ಮೂರರಲ್ಲಿ ಎರಡು ಪಾಲು ಬಲವಾದ ರೂಪದಲ್ಲಿರುತ್ತದೆ, 7.5ಕ್ಕೆ ಅರ್ಧ, 8ಕ್ಕೆ ನಾಲ್ಕನೆಯ ಒಂದು ಪಾಲು, 8.5ಕ್ಕೆ ಬರೀ ಹತ್ತನೆಯ ಒಂದು ಪಾಲು. ಬ್ಲೀಚಿಂಗ್ ಪೌಡರಿನಲ್ಲಿ ಸುಣ್ಣವಿದೆ, ಅದು ಪಿಎಚ್ ಏರಿಸುತ್ತದೆ. ಹೊಸ ಸಿಮೆಂಟಿನ ಕೊಳವೂ ಏರಿಸುತ್ತದೆ. ಹಾಗಾಗಿ ನೀರು ಹಸಿರಾಯಿತೆಂದು ಮೇಲಿಂದ ಮೇಲೆ ಬ್ಲೀಚಿಂಗ್ ಸುರಿಯುತ್ತಾ ಹೋದವನು ಪ್ರತಿ ಸಲವೂ ತಾನು ಹಾಕಿದ ಕ್ಲೋರಿನ್ನಿನ ಕೈಯನ್ನು ತಾನೇ ಕಟ್ಟುತ್ತಿರುತ್ತಾನೆ. ಮರಳಿ ನಿಮ್ಮ ಅಂಗಡಿಗೆ ಬಂದು 'ಸರಕು ಸರಿ ಇಲ್ಲ' ಎಂದು ಜಗಳ ತೆಗೆಯುವವನೂ ಅವನೇ. ಅವನಿಗೆ ಬೇಕಾಗಿದ್ದದ್ದು ಇನ್ನಷ್ಟು ಬ್ಲೀಚಿಂಗ್ ಅಲ್ಲ, ಕಾಲು ಲೀಟರ್ ಆ್ಯಸಿಡ್. ಅದನ್ನು ಬಕೆಟ್ ನೀರಿಗೆ ನಿಧಾನವಾಗಿ ಸುರಿದು, ಆಮೇಲೆ ಪಂಪು ಓಡುತ್ತಿರುವಾಗ ಕೊಳದ ಆಳದ ಕಡೆ ಹಾಕಿ, ಕೆಲವು ಗಂಟೆ ಬಿಟ್ಟು ಮತ್ತೆ ಅಳೆಯುವುದು. ಪಿಎಚ್ 7.2ರಿಂದ 7.8ರ ಒಳಗೆ ನಿಂತರೆ ಕಣ್ಣಿಗೂ ಹಿತ. ಮನುಷ್ಯನ ಕಣ್ಣೀರಿನ ಪಿಎಚ್ ಸುಮಾರು 7.4.

ಕಣ್ಣುರಿಯ ಮಾತು ಬಂತು. ಕೊಳದ ಬಳಿ ಹೋದ ಕೂಡಲೇ ಮೂಗಿಗೆ ಹೊಡೆಯುವ ವಾಸನೆ, ಈಜಿದ ಮೇಲೆ ಕೆಂಪಾಗುವ ಕಣ್ಣು, ಇವೆರಡಕ್ಕೂ ಕ್ಲೋರಿನ್ ಜಾಸ್ತಿಯಾದದ್ದು ಕಾರಣ ಎಂದು ಬಸವನಗುಡಿ, ಮಲ್ಲೇಶ್ವರದ ಎಷ್ಟೋ ತಂದೆ ತಾಯಂದಿರು ನಂಬಿದ್ದಾರೆ. ಬಹಳ ಸಲ ವಿಷಯ ತಿರುಗಾಮುರುಗಾ. ಬೆವರು, ಮೂತ್ರ, ಚರ್ಮದ ಕೊಳೆಗಳ ಜೊತೆ ಸೇರಿದ ಕ್ಲೋರಿನ್ ಕ್ಲೋರಮೈನ್ ಆಗುತ್ತದೆ, ವಾಸನೆ ಮತ್ತು ಉರಿ ಅದರವು. ಬಿಡಿ ಕ್ಲೋರಿನ್ ಆಗ ಕಡಿಮೆಯಾಗಿರುತ್ತದೆ. ಹೀಗೆ ಸೇರಿಕೊಂಡ ಕ್ಲೋರಿನ್ ಎಷ್ಟಿದೆಯೋ ಅದರ ಹತ್ತು ಪಟ್ಟು ಹೊಸ ಕ್ಲೋರಿನ್ ಸಂಜೆ ಹಾಕಿ, ಕೊಳ ಮುಚ್ಚಿ, ಮಾರನೆಯ ದಿನ ಅಳತೆ ಇಳಿದ ಮೇಲಷ್ಟೇ ತೆರೆಯಬೇಕು. ತಲೆಗೆ ಹರಳೆಣ್ಣೆ, ಕೊಬ್ಬರಿ ಎಣ್ಣೆ ಹಚ್ಚಿಕೊಂಡು ನೇರ ನೀರಿಗೆ ಇಳಿಯುವ ಅಭ್ಯಾಸ ನಮ್ಮ ಕಡೆ ಇದೆ, ಆ ಎಣ್ಣೆಯೂ ಕ್ಲೋರಿನ್ ತಿನ್ನುತ್ತದೆ. ಮೊದಲು ಸೋಪು ಹಾಕಿ ಸ್ನಾನ ಮಾಡಿಸಿ ಇಳಿಸಿದರೆ ಮನೆಯವರ ಕ್ಲೋರಿನ್ ಖರ್ಚೇ ಇಳಿಯುತ್ತದೆ. ಈ ಮಾತು ಹೇಳಿದರೆ ನಿಮಗೆ ಎರಡು ಕೆ.ಜಿ. ವ್ಯಾಪಾರ ಕಮ್ಮಿಯಾಗಬಹುದು, ಆದರೂ ಹೇಳಬೇಕು.

ಅಳೆಯದೆ ಇದ್ಯಾವುದೂ ಸಾಧ್ಯವಿಲ್ಲ. ಹಳ್ಳಿಯ ಬಾವಿಗೆ ಬ್ಲೀಚಿಂಗ್ ಹಾಕಲು ಹೋಗುವ ಆರೋಗ್ಯ ಸಹಾಯಕರಿಗೂ ನೀರು ಪರೀಕ್ಷಿಸುವ ಹಾರಕ್ಸ್ ಪೆಟ್ಟಿಗೆಯ ಬಿಳಿ ಬಟ್ಟಲುಗಳಲ್ಲಿ ನೀಲಿ ಬಣ್ಣ ಮೂಡಿಸಿ ನೋಡಿ ಪ್ರಮಾಣ ಗೊತ್ತುಮಾಡಬೇಕೆಂದು ಕಲಿಸುತ್ತಾರೆ. ಲಕ್ಷಗಟ್ಟಲೆ ಖರ್ಚು ಮಾಡಿ ಕಟ್ಟಿಸಿದ ಕೊಳದ ಪಕ್ಕ ಒಂದು ಟೆಸ್ಟ್ ಕಿಟ್ ಇರುವುದಿಲ್ಲ ಎಂಬುದು ಖೇದದ ಸಂಗತಿ. ಕಿಟ್ ಮಾರುವವರು ಒಂದು ವ್ಯತ್ಯಾಸ ತಿಳಿಸಲೇಬೇಕು. ಹಳದಿ ಬಣ್ಣ ಬರುವ ಓಟಿಓ ಕಿಟ್ಟು ಬಿಡಿ ಕ್ಲೋರಿನ್ ಮತ್ತು ಸೇರಿಕೊಂಡ ಕ್ಲೋರಿನ್ ಎರಡನ್ನೂ ಕೂಡಿಸಿ ತೋರಿಸುತ್ತದೆ, ಗುಲಾಬಿ ಬಣ್ಣದ ಡಿಪಿಡಿ ಕಿಟ್ಟು ಬಿಡಿ ಕ್ಲೋರಿನ್ನನ್ನೇ ಬೇರೆಯಾಗಿ ತೋರಿಸಬಲ್ಲದು. ಡಿಪಿಡಿಗೂ ಒಂದು ಮಿತಿ ಇದೆ. ಕ್ಲೋರಿನ್ ವಿಪರೀತವಾದಾಗ ಅದರ ಗುಲಾಬಿ ಬಣ್ಣವೇ ಬಿಳಿಚಿಕೊಂಡು, ಕ್ಲೋರಿನ್ ಇಲ್ಲವೇ ಇಲ್ಲ ಎಂಬಂತೆ ಕಾಣುತ್ತದೆ. ಗೊತ್ತಿಲ್ಲದವನು ಮತ್ತಷ್ಟು ಸುರಿಯುತ್ತಾನೆ.

ಈಚೆಗೆ ಎಲ್ಲರೂ ಕೇಳಿಕೊಂಡು ಬರುವ ಬಿಳಿ ಬಿಲ್ಲೆಗಳ ಬಗ್ಗೆ ಸ್ವಲ್ಪ ನಿಧಾನವಾಗಿ ಹೇಳಬೇಕಾಗಿದೆ. ಟಿಸಿಸಿಎ ಬಿಲ್ಲೆ ಅನುಕೂಲದ ವಸ್ತು, ನಿಜ. ತೇಲುವ ಡಬ್ಬಿಗೆ ಹಾಕಿಬಿಟ್ಟರೆ ದಿನಗಟ್ಟಲೆ ಕರಗುತ್ತಿರುತ್ತದೆ, ದಿನವೂ ಸುರಿಯುವ ಕೆಲಸವಿಲ್ಲ. ಅದರಲ್ಲಿ ಕ್ಲೋರಿನ್ ಜೊತೆ ಸಯನ್ಯೂರಿಕ್ ಆಮ್ಲವೂ ಇದೆ. ಬಿಸಿಲಿಗೆ ಕ್ಲೋರಿನ್ ಹಾರಿಹೋಗದಂತೆ ಅದು ಕಾಯುತ್ತದೆ. ಅದಿಲ್ಲದ ಬಯಲು ಕೊಳದಲ್ಲಿ ಮಟಮಟ ಮಧ್ಯಾಹ್ನದ ಬಿಸಿಲು ಒಂದೆರಡು ಗಂಟೆಯಲ್ಲಿ ಬಹುಪಾಲು ಕ್ಲೋರಿನ್ನನ್ನು ಮುಗಿಸಿಬಿಡುತ್ತದೆ. ಹೀಗಾಗಿ 30ರಿಂದ 50 ಪಿಪಿಎಂ ಸಯನ್ಯೂರಿಕ್ ಆಮ್ಲ ಒಳ್ಳೆಯದೇ. ತೊಂದರೆ ಇರುವುದು ಅದರ ಶೇಖರಣೆಯಲ್ಲಿ. ಕ್ಲೋರಿನ್ ಖರ್ಚಾಗುತ್ತದೆ, ಇದು ಖರ್ಚಾಗುವುದಿಲ್ಲ. ಟಿಸಿಸಿಎಯಿಂದ 10 ಪಿಪಿಎಂ ಕ್ಲೋರಿನ್ ಕೊಟ್ಟಾಗಲೆಲ್ಲ ಸುಮಾರು 6 ಪಿಪಿಎಂ ಸಯನ್ಯೂರಿಕ್ ಆಮ್ಲ ನೀರಿನಲ್ಲಿ ಉಳಿಯುತ್ತದೆ. ದಿನಕ್ಕೆ 2 ಪಿಪಿಎಂ ಲೆಕ್ಕದಲ್ಲಿ ಮಾರ್ಚ್, ಏಪ್ರಿಲ್, ಮೇ ಮೂರು ತಿಂಗಳೂ ಬಿಲ್ಲೆಯನ್ನೇ ಹಾಕಿದರೆ, ನೀರು ಬದಲಿಸದಿದ್ದರೆ, ಮೇ ಕೊನೆಗೆ ಅದು 110ರ ಹತ್ತಿರ ಬಂದಿರುತ್ತದೆ. ಆ ಮಟ್ಟದಲ್ಲಿ ಕ್ಲೋರಿನ್ 2 ಪಿಪಿಎಂ ಎಂದು ಕಿಟ್ಟು ತೋರಿಸುತ್ತಿದ್ದರೂ ಪಾಚಿ ಹಾಯಾಗಿ ಬೆಳೆಯುತ್ತದೆ. ಕ್ಲೋರಿನ್ ಇದ್ದರೂ ಕೆಲಸಕ್ಕೆ ಸಿಗುವುದಿಲ್ಲ.

ಸಯನ್ಯೂರಿಕ್ ಆಮ್ಲವನ್ನು ಇಳಿಸಲು ಅಂಗಡಿಯಲ್ಲಿ ಕೊಳ್ಳುವಂಥ ಸುಲಭ ಮದ್ದಿಲ್ಲ, ನೀರನ್ನೇ ಚೆಲ್ಲಬೇಕು. 110ರಿಂದ 40ಕ್ಕೆ ತರಲು 40,000 ಲೀಟರಿನಲ್ಲಿ ಸುಮಾರು 25,000 ಲೀಟರ್ ಮೋರಿಗೆ ಹೋಗುತ್ತದೆ. ಬೆಂಗಳೂರಿನಲ್ಲಿ ಈ ಮಾತಿಗೆ ಬೇರೆಯೇ ತೂಕವಿದೆ. 2024ರ ಮಾರ್ಚ್ ತಿಂಗಳನ್ನು ಈ ಊರು ಮರೆಯುವಂತಿಲ್ಲ. ಬೋರ್‌ವೆಲ್‌ಗಳು ಬತ್ತಿದ್ದವು, ಟ್ಯಾಂಕರಿನ ದರ ಹಿಡಿತ ಮೀರಿ ಜಿಲ್ಲಾಡಳಿತವೇ ದರ ಗೊತ್ತುಮಾಡಬೇಕಾಯಿತು, ಐದು ಕಿಲೋಮೀಟರ್ ಒಳಗೆ 6,000 ಲೀಟರಿಗೆ 600 ರೂಪಾಯಿ ಎಂದು. ಕಾರು ತೊಳೆಯಲು, ತೋಟಕ್ಕೆ ಹಾಯಿಸಲು ಕುಡಿಯುವ ನೀರು ಬಳಸಬಾರದೆಂದ ಜಲಮಂಡಳಿ ಈಜುಕೊಳಗಳಿಗೂ ಬಳಸಬಾರದೆಂದು ಆದೇಶಿಸಿ 5,000 ರೂಪಾಯಿ ದಂಡ ಇಟ್ಟಿತು. ಅದೇ ವರ್ಷ ಅಕ್ಟೋಬರ್ 16ರಂದು ಕಾವೇರಿ ಐದನೆಯ ಹಂತಕ್ಕೆ ಚಾಲನೆ ಸಿಕ್ಕಿತು, ದಿನಕ್ಕೆ 775 ದಶಲಕ್ಷ ಲೀಟರ್ ಹೆಚ್ಚುವರಿ ನೀರಿನ ಯೋಜನೆ ಅದು. ಆದರೂ ತೊರೆಕಾಡನಹಳ್ಳಿಯಿಂದ ಸುಮಾರು ನೂರು ಕಿಲೋಮೀಟರ್ ದೂರ ಪಂಪು ಮಾಡಿ ತಂದ ನೀರನ್ನು ಬಿಲ್ಲೆಯ ಲೆಕ್ಕ ತಪ್ಪಿದ್ದಕ್ಕೆ ಮೋರಿಗೆ ಬಿಡುವುದನ್ನು ಯಾವ ಯೋಜನೆಯೂ ಸಮರ್ಥಿಸುವುದಿಲ್ಲ. ಬಿಲ್ಲೆ ಕೊಳ್ಳಲು ಬಂದವನಿಗೆ 'ಒಂದು ತಿಂಗಳು ಇದು, ಆಮೇಲೆ ಹೈಪೋ' ಎಂದು ಒಂದು ಮಾತು ಹೇಳಿದರೆ ಆ 25,000 ಲೀಟರ್ ಉಳಿಯುತ್ತದೆ.

ಬೋರ್‌ವೆಲ್ ನೀರು ತುಂಬಿದ ಕೊಳಕ್ಕೆ ಇನ್ನೊಂದು ಎಚ್ಚರ ಬೇಕು. ಬೆಂಗಳೂರಿನ ಬೋರ್ ನೀರು ಸಾಮಾನ್ಯವಾಗಿ ಗಡಸು. ಅದರ ಮೇಲೆ ಕ್ಯಾಲ್ಸಿಯಂ ಹೈಪೋಕ್ಲೋರೈಟ್ ಹಾಕಿದರೆ ಇನ್ನಷ್ಟು ಕ್ಯಾಲ್ಸಿಯಂ ಸೇರಿ ಟೈಲ್ಸ್ ಮೇಲೆ ಬಿಳಿ ಪೊರೆ ಕಟ್ಟುತ್ತದೆ, ಫಿಲ್ಟರಿನ ಮರಳು ಗಂಟುಕಟ್ಟುತ್ತದೆ. ಅಂಥವರಿಗೆ ಹೈಪೋ ದ್ರಾವಣವೇ ಸೂಕ್ತ. ಕ್ಷಾರತೆ 80ರಿಂದ 120 ಪಿಪಿಎಂ ಇದ್ದರೆ ಪಿಎಚ್ ಒಂದೆಡೆ ನಿಲ್ಲುತ್ತದೆ, ಕಡಿಮೆಯಾದರೆ ಅಡುಗೆ ಸೋಡಾ ಸಾಕು: ನಮ್ಮ 40,000 ಲೀಟರಿನ ಕೊಳಕ್ಕೆ ಸುಮಾರು 700 ಗ್ರಾಂ ಹಾಕಿದರೆ 10 ಪಿಪಿಎಂ ಏರುತ್ತದೆ. ಪಟಿಕ ನೀರು ತಿಳಿ ಮಾಡುತ್ತದೆ, ಜೊತೆಗೆ ಪಿಎಚ್ ಇಳಿಸುತ್ತದೆ. ಮೈಲುತುತ್ತ ಪಾಚಿ ಕೊಲ್ಲುತ್ತದೆ, ಹೆಚ್ಚಾದರೆ ಗೋಡೆಗೆ ಕಲೆ ಹಿಡಿಸುತ್ತದೆ. ರೋಗಾಣುವಿನ ಕೆಲಸಕ್ಕೆ ಅದನ್ನು ನೆಚ್ಚುವಂತಿಲ್ಲ.

ಈವರೆಗೆ ಹೇಳಿದ್ದು ಹಣ, ನೀರು, ಕಣ್ಣುರಿಯ ವಿಷಯ. ಇನ್ನು ಮುಂದಿನದು ಜೀವದ ವಿಷಯ.

ಬ್ಲೀಚಿಂಗ್ ಪೌಡರೋ ಹೈಪೋ ದ್ರಾವಣವೋ ಆ್ಯಸಿಡ್ ಜೊತೆ ಸೇರಿದ ಕ್ಷಣ ಕ್ಲೋರಿನ್ ಅನಿಲ ಏಳುತ್ತದೆ. 1915ರ ಏಪ್ರಿಲ್ 22ರಂದು ಬೆಲ್ಜಿಯಂನ ಈಪ್ರ್ ಬಳಿ ಜರ್ಮನ್ ಸೇನೆ ಎದುರಾಳಿಗಳ ಕಂದಕಗಳ ಮೇಲೆ ಬಿಟ್ಟದ್ದು ಇದೇ ಅನಿಲವನ್ನು. ಗಾಳಿಗಿಂತ ಎರಡೂವರೆ ಪಟ್ಟು ಭಾರವಾದ್ದರಿಂದ ಅದು ನೆಲದಲ್ಲೇ ಹರಿದು ತಗ್ಗಿನಲ್ಲಿ ನಿಲ್ಲುತ್ತದೆ. ಮನೆಯ ಕೊಳದ ಪಂಪು ರೂಮು ಸಾಮಾನ್ಯವಾಗಿ ನೆಲಮಟ್ಟಕ್ಕಿಂತ ಕೆಳಗಿರುತ್ತದೆ, ಕಿಟಕಿ ಇರುವುದಿಲ್ಲ, ಡಬ್ಬಗಳೆಲ್ಲ ಅಲ್ಲೇ ಇರುತ್ತವೆ. ಆ್ಯಸಿಡ್ ಅಳೆದ ಮಗ್ಗನ್ನೇ ಬ್ಲೀಚಿಂಗ್ ಡಬ್ಬಕ್ಕೆ ಅದ್ದಿದರೆ ಸಾಕು. ಟಿಸಿಸಿಎ ಬಿಲ್ಲೆಯ ಡಬ್ಬಿಗೆ ಕ್ಯಾಲ್ಸಿಯಂ ಹೈಪೋಕ್ಲೋರೈಟ್ ಹಾಕುವುದು ಇನ್ನೂ ಭೀಕರ, ತೇವ ತಾಗಿದರೆ ಎರಡೂ ಸೇರಿ ಬೆಂಕಿ ಹೊತ್ತಬಹುದು, ಸಿಡಿಯಬಹುದು. ಎರಡೂ 'ಕ್ಲೋರಿನ್ನೇ ತಾನೆ' ಎಂದು ಒಂದೇ ಡಬ್ಬಕ್ಕೆ ಸುರಿಯುವವನನ್ನು ತಡೆಯಬಲ್ಲವರು ಎರಡನ್ನೂ ಮಾರುವ ನೀವು. ಆ್ಯಸಿಡ್ ಮತ್ತು ಕ್ಲೋರಿನ್ ಎರಡನ್ನೂ ಒಂದೇ ಪೆಟ್ಟಿಗೆಯಲ್ಲಿ ಕಟ್ಟಿ ಕೊಡುವ ರೂಢಿಯನ್ನು ಪೇಟೆ ಇಂದೇ ಬಿಡಬೇಕು. ಇದರಲ್ಲಿ ಚೌಕಾಸಿಗೆ ಜಾಗವಿಲ್ಲ.

ಕಣ್ಣಿಗೋ ಮೈಗೋ ಸಿಡಿದರೆ ಮೊದಲು ನಲ್ಲಿಯ ಕೆಳಗೆ ಕನಿಷ್ಠ ಹದಿನೈದು, ಇಪ್ಪತ್ತು ನಿಮಿಷ ನೀರು ಹಾಯಿಸಬೇಕು, ಆಮೇಲೆ ಆಸ್ಪತ್ರೆ. ನಿಮ್ಮ ಅಂಗಡಿಯ ಹಮಾಲಿಗಳಿಗೂ ಇದು ಗೊತ್ತಿರಲಿ. ಮಿಂಟೋ ಕಣ್ಣಾಸ್ಪತ್ರೆ, ವಿಕ್ಟೋರಿಯಾದ ಸುಟ್ಟಗಾಯದ ವಾರ್ಡು ಎರಡೂ ನಿಮಗೆ ಕೂಗಳತೆಯಲ್ಲಿವೆ. ಹತ್ತಿರವಿದೆಯೆಂದು ತೊಳೆಯದೆ ಓಡಿದರೆ ಆ ಕೆಲವೇ ನಿಮಿಷಗಳಲ್ಲಿ ಕಣ್ಣು ಹೋಗಬಹುದು.

ಗೋದಾಮಿನ ವಿಷಯವನ್ನು ನಿಮ್ಮ ಮುಂದೆ ಎತ್ತುವಾಗ ಸಂಕೋಚ ಬೇಕಿಲ್ಲ, ಏಕೆಂದರೆ ಅದರ ನೋವು ನಿಮ್ಮ ಪೇಟೆಯೇ ಉಂಡಿದೆ. 2021ರ ಸೆಪ್ಟೆಂಬರ್ 23ರಂದು ಹೊಸ ತರಗುಪೇಟೆಯ ಸರಕು ಸಾಗಣೆ ಗೋದಾಮೊಂದರಲ್ಲಿ ಇಟ್ಟಿದ್ದ ಪಟಾಕಿ ಸ್ಫೋಟಿಸಿ, ತಮ್ಮ ಪಾಡಿಗೆ ದುಡಿಯುತ್ತಿದ್ದವರು ಪ್ರಾಣ ಕಳೆದುಕೊಂಡರು. ಅದಕ್ಕೂ ಹಿಂದಿನ ವರ್ಷ, 2020ರ ನವೆಂಬರ್ 10ರಂದು, ಮೈಸೂರು ರಸ್ತೆಯ ಹೊಸಗುಡ್ಡದಹಳ್ಳಿಯಲ್ಲಿ ಕೆಮಿಕಲ್ ಗೋದಾಮು ಹೊತ್ತಿ ಉರಿದು ಸುತ್ತಲಿನ ಜನ ಮನೆ ಬಿಟ್ಟು ಓಡಿದರು. ಆ ಎರಡರಲ್ಲೂ ಈಜುಕೊಳದ ಕ್ಲೋರಿನ್ ಇರಲಿಲ್ಲ. ಆದರೆ ಒತ್ತೊತ್ತಾದ ಓಣಿ, ಪಕ್ಕದಲ್ಲೇ ಮನೆ, ಒಳಗೆ ಏನಿದೆ ಎಂದು ಅಕ್ಕಪಕ್ಕದವರಿಗೆ ಗೊತ್ತಿಲ್ಲದಿರುವುದು, ಇವಿಷ್ಟು ಎಲ್ಲ ಕಡೆಯೂ ಒಂದೇ.

ಕೊಳದ ಕ್ಲೋರಿನ್ ಹೇಗೆ ಹೊತ್ತುತ್ತದೆ ಎಂಬುದಕ್ಕೆ ಅಮೆರಿಕದ ಜಾರ್ಜಿಯಾ ರಾಜ್ಯದ ಕಾನ್ಯರ್ಸ್ ಪಟ್ಟಣವೇ ಉದಾಹರಣೆ. 2024ರ ಸೆಪ್ಟೆಂಬರ್ 29ರಂದು ಅಲ್ಲಿನ ಬಯೋಲ್ಯಾಬ್ ಕಂಪನಿಯ ಈಜುಕೊಳದ ರಾಸಾಯನಿಕಗಳ ಘಟಕದಲ್ಲಿ ಬೆಂಕಿ ಎದ್ದಿತು. ಬೆಂಕಿ ಆರಿಸಲೆಂದು ಇಟ್ಟಿದ್ದ ಸ್ಪ್ರಿಂಕ್ಲರ್‌ನಿಂದ ಬಿದ್ದ ನೀರು ಅಲ್ಲಿ ಪೇರಿಸಿದ್ದ ಸರಕಿಗೆ ತಾಗಿ ಕ್ಲೋರಿನ್ ಹೊಗೆ ಆಕಾಶಕ್ಕೆದ್ದಿತು. ಸುಮಾರು 17,000 ಜನರನ್ನು ಊರು ಬಿಡಿಸಬೇಕಾಯಿತು, ಉಳಿದ ಹತ್ತಾರು ಸಾವಿರ ಜನ ಬಾಗಿಲು ಕಿಟಕಿ ಮುಚ್ಚಿ ಒಳಗೇ ಕೂತರು. ಅದೇ ಕಂಪನಿಯ ಲೂಸಿಯಾನಾದ ಘಟಕ 2020ರ ಆಗಸ್ಟ್‌ನಲ್ಲಿ ಲಾರಾ ಚಂಡಮಾರುತದ ಹೊಡೆತಕ್ಕೆ ಛಾವಣಿ ಕಳೆದುಕೊಂಡು, ಮಳೆನೀರು ಟಿಸಿಸಿಎಗೆ ತಾಗಿ ಹೊತ್ತಿಕೊಂಡಿತ್ತು. ಕೊಳದಂಥ ದೊಡ್ಡ ನೀರಿನಲ್ಲಿ ಟಿಸಿಸಿಎ ಶಾಂತವಾಗಿ ಕರಗುತ್ತದೆ. ರಾಶಿಯ ಮೇಲೆ ಸ್ವಲ್ಪ ನೀರು ಬಿದ್ದರೆ ಕಾಯುತ್ತದೆ, ಒಡೆಯುತ್ತದೆ, ಅನಿಲ ಬಿಡುತ್ತದೆ. ಮಳೆಗಾಲದಲ್ಲಿ ಸೋರುವ ಹಂಚಿನ, ಶೀಟಿನ ಛಾವಣಿಯ ಕೆಳಗೆ ಬಿಲ್ಲೆಯ ಡ್ರಮ್ಮು ಇಟ್ಟವರು ಈ ಸಾಲನ್ನು ಮತ್ತೊಮ್ಮೆ ಓದಿಕೊಳ್ಳಲಿ.

ತರಗುಪೇಟೆಗೇ ವಿಶೇಷವಾದ ಅಪಾಯ ಇನ್ನೊಂದಿದೆ. ಕ್ಯಾಲ್ಸಿಯಂ ಹೈಪೋಕ್ಲೋರೈಟ್ ಉರಿಗೆ ಆಮ್ಲಜನಕ ಒದಗಿಸುವ ವಸ್ತು. ಎಣ್ಣೆ, ಸಕ್ಕರೆ, ಬೆಲ್ಲ, ಕಾಗದ, ಗೋಣಿಯಂಥ ಪದಾರ್ಥಗಳೊಡನೆ ಬೆರೆತರೆ ಕಡ್ಡಿ ಗೀರದೆಯೂ ಹೊತ್ತಬಲ್ಲದು. ಈ ಪೇಟೆಯಲ್ಲಿ ಅದರ ಅಕ್ಕಪಕ್ಕ ಇರುವ ಸರಕುಗಳು ಯಾವುವು ಎಂದು ನಿಮಗೆ ಹೇಳಬೇಕಾಗಿಲ್ಲ. ಧಾನ್ಯದ ಸಗಟು ವ್ಯಾಪಾರ ಬಹುಮಟ್ಟಿಗೆ ಯಶವಂತಪುರದ ಎಪಿಎಂಸಿಗೆ ಹೋದರೂ ಬೆಲ್ಲ, ಎಣ್ಣೆ, ಗೋಣಿಚೀಲ ಈ ಓಣಿಗಳನ್ನು ಪೂರ್ತಿ ಬಿಟ್ಟಿಲ್ಲ. ಎಣ್ಣೆ ಮೆತ್ತಿದ ಚಮಚ, ಬೆಲ್ಲ ತೂಗಿದ ತಕ್ಕಡಿ ಕ್ಲೋರಿನ್ ಡ್ರಮ್ಮಿನ ಹತ್ತಿರ ಬರಬಾರದು. ಡ್ರಮ್ಮಿನಿಂದ ಚೆಲ್ಲಿದ ಪುಡಿಯನ್ನು ಗುಡಿಸಿ ಮತ್ತೆ ಅದೇ ಡ್ರಮ್ಮಿಗೆ ಹಾಕಬಾರದು, ಕಸದ ಬುಟ್ಟಿಗೂ ಹಾಕಬಾರದು.

ಕಾನೂನಿನ ಮಾತು ಚುಟುಕಾಗಿ. 2013ರ ಜುಲೈ 18ರಂದು ಸುಪ್ರೀಂ ಕೋರ್ಟು ಆ್ಯಸಿಡ್ ದಾಳಿಗೆ ತುತ್ತಾದ ಲಕ್ಷ್ಮಿ ಅವರ ಪ್ರಕರಣದಲ್ಲಿ ಆ್ಯಸಿಡ್ ಮಾರಾಟಕ್ಕೆ ಕಟ್ಟುಪಾಡು ವಿಧಿಸಿತು. ಕೊಂಡವರ ವಿವರ ಬರೆದಿಡುವ ಪುಸ್ತಕ, ಸರ್ಕಾರ ಕೊಟ್ಟ ಫೋಟೋ ಗುರುತಿನ ಚೀಟಿ, ಕೊಳ್ಳುವ ಕಾರಣ, ಹದಿನೆಂಟು ತುಂಬದವರಿಗೆ ಮಾರದಿರುವುದು. ತಪ್ಪಿದರೆ 50,000 ರೂಪಾಯಿವರೆಗೆ ದಂಡ. ಆ ನಿಯಮ ಬಂದದ್ದು ಹೆಣ್ಣುಮಕ್ಕಳ ಮುಖದ ಮೇಲೆ ಆ್ಯಸಿಡ್ ಎರಚಿದ ಘೋರ ಕೃತ್ಯಗಳಿಂದ. ಕೊಳದ ಹೆಸರು ಹೇಳಿ ಕೊಳ್ಳುವ ಕ್ಯಾನಿಗೂ ಅದು ಅನ್ವಯಿಸುತ್ತದೆ. ಪುಸ್ತಕದಲ್ಲಿ ಹೆಸರು ಬರೆದುಕೊಳ್ಳುವ ಆ ಎರಡು ನಿಮಿಷವೇ ಮೇಲಿನ ಮಾತುಗಳನ್ನು ಹೇಳಲು ತಕ್ಕ ಸಮಯ.

ಇಷ್ಟೆಲ್ಲ ಅಪಾಯವಿದ್ದರೆ ಕ್ಲೋರಿನ್ನೇ ಬೇಡ ಎಂದು ಯಾರಾದರೂ ಅಂದರೆ ಒಪ್ಪಬೇಡಿ. ಬಿಡಿ ಕ್ಲೋರಿನ್ ಒಂದು ಪಿಪಿಎಂ ಇದ್ದು ಪಿಎಚ್ ಸರಿ ಇದ್ದರೆ ವಾಂತಿಭೇದಿ ತರುವ ಇ. ಕೋಲೈ ಬ್ಯಾಕ್ಟೀರಿಯ ಒಂದು ನಿಮಿಷದೊಳಗೆ ಸಾಯುತ್ತದೆ, ಕಾಮಾಲೆಯ ಹೆಪಟೈಟಿಸ್ ಎ ವೈರಸ್ಸಿಗೆ ಸುಮಾರು 16 ನಿಮಿಷ, ಜಿಯಾರ್ಡಿಯಾಕ್ಕೆ 45 ನಿಮಿಷ ಸಾಕು. ಕ್ರಿಪ್ಟೋಸ್ಪೊರಿಡಿಯಂ ಮಾತ್ರ ಹತ್ತು ದಿನ ತಡೆದುಕೊಳ್ಳುತ್ತದೆ, ಅದಕ್ಕೇ ಭೇದಿಯಾಗುತ್ತಿರುವ ಮಗುವನ್ನು ನೀರಿಗೆ ಇಳಿಸಬಾರದು. ಕೇರಳದಲ್ಲಿ 2025ರಲ್ಲಿ ಅಮೀಬಾದಿಂದ ಬರುವ ಮಿದುಳಿನ ಉರಿಯೂತ ಹಲವರನ್ನು ಬಲಿ ತೆಗೆದುಕೊಂಡಾಗ ಅಲ್ಲಿನ ಸರ್ಕಾರ ಬಾವಿಗಳಿಗೆ ಕ್ಲೋರಿನ್ ಹಾಕಿಸುವ ಅಭಿಯಾನವನ್ನೇ ಹೂಡಿತು. ಅಮೀಬಾ ಬೆಚ್ಚಗಿನ ಸಿಹಿನೀರಿನಲ್ಲಿ ಬೆಳೆದು ಮೂಗಿನ ಮೂಲಕ ಒಳಸೇರುತ್ತದೆ. ಕ್ಲೋರಿನ್ ಸರಿಯಾಗಿ ಉಳಿಸಿಕೊಂಡ ಕೊಳದಲ್ಲಿ ಅದಕ್ಕೆ ಬದುಕಿಲ್ಲ. ನೀವು ಮಾರುತ್ತಿರುವುದು ಮಕ್ಕಳ ಪ್ರಾಣ ಕಾಯುವ ವಸ್ತು. ಆ ಗೌರವ ಅದಕ್ಕೆ ಸಲ್ಲಬೇಕು.

ದೊಡ್ಡವರೂ ಲೆಕ್ಕ ತಪ್ಪುತ್ತಾರೆ. 2016ರ ರಿಯೋ ಒಲಿಂಪಿಕ್ಸ್‌ನಲ್ಲಿ ಡೈವಿಂಗ್ ಕೊಳ ರಾತ್ರಿ ಕಳೆಯುವಷ್ಟರಲ್ಲಿ ಹಸಿರಾದದ್ದನ್ನು ಜಗತ್ತೇ ಟಿವಿಯಲ್ಲಿ ನೋಡಿತು. ಆಗಸ್ಟ್ 5ರಂದು ಗುತ್ತಿಗೆದಾರರು 80 ಲೀಟರ್ ಹೈಡ್ರೋಜನ್ ಪೆರಾಕ್ಸೈಡ್ ಹಾಕಿದ್ದರು. ಅದು ಕ್ಲೋರಿನ್ನಿನ ಶಕ್ತಿಯನ್ನೇ ಅಳಿಸಿಹಾಕಿತು, ಪಾಚಿ ಬೆಳೆಯಿತು. ಕಡೆಗೆ ಹಾಗೆಯೇ ಹಸಿರಾಗಿದ್ದ ಪಕ್ಕದ ಕೊಳದ ಸುಮಾರು 37 ಲಕ್ಷ ಲೀಟರ್ ನೀರನ್ನು ಹೊರಚೆಲ್ಲಿ ಬೇರೆ ನೀರು ತುಂಬಿದರು. ಯಾವುದು ಯಾವುದರ ಜೊತೆ ಸೇರಬಾರದು ಎಂಬ ಒಂದು ಸಾಲಿನ ತಿಳಿವಳಿಕೆ ಅಲ್ಲಿಯೂ ಕೈಗೆ ಸಿಗದೆ ಹೋಯಿತು.

ಆದ್ದರಿಂದ ಕೇಳುತ್ತಿರುವುದು ಇಷ್ಟು. ಅರ್ಧ ಪುಟದ ಒಂದು ಚೀಟಿ ಅಚ್ಚು ಹಾಕಿಸಿ, ಕನ್ನಡದಲ್ಲಿ, ಜೊತೆಗೆ ಹಿಂದಿ, ತಮಿಳು, ತೆಲುಗು, ಉರ್ದು, ಬಂಗಾಳಿ, ಒಡಿಯಾಗಳಲ್ಲೂ. ಕೊಳ ತೊಳೆಯುವ ಹುಡುಗರು ಇಂದು ದೇಶದ ಎಲ್ಲ ಮೂಲೆಗಳಿಂದ ಬಂದಿದ್ದಾರೆ. ನೀರಿಗೆ ಕೆಮಿಕಲ್ ಹಾಕಬೇಕು, ಕೆಮಿಕಲ್ಲಿಗೆ ನೀರು ಹಾಕಬಾರದು ಎಂಬುದು ಅದರ ಮೊದಲ ಸಾಲಾಗಲಿ. ಆ್ಯಸಿಡ್ ಮತ್ತು ಕ್ಲೋರಿನ್ ಒಂದೇ ರೂಮಿನಲ್ಲಿ ಬೇಡ, ಒಂದೊಂದಕ್ಕೂ ಬೇರೆ ಮಗ್ಗು, ಎರಡು ಬಗೆಯ ಕ್ಲೋರಿನ್ ಬೆರೆಸಬೇಡಿ, ಅಳೆದ ಮೇಲೆ ಹಾಕಿ, ಸಂಜೆ ಹೊತ್ತು ಹಾಕಿ ಎಂಬುದು ಉಳಿದದ್ದು. ಚಿಲ್ಲರೆ ಕಟ್ಟಿ ಕೊಟ್ಟ ಪ್ರತಿ ಡಬ್ಬದ ಮೇಲೆ ಹೆಸರು, ಶೇಕಡಾ ಎಷ್ಟು, ತಯಾರಾದ ತಿಂಗಳು ಇರಲಿ. ಕುಡಿಯುವ ನೀರಿನ ಬಾಟಲಿಗೆ ಆ್ಯಸಿಡ್ ತುಂಬಿ ಕೊಡುವುದು ನಿಲ್ಲಲಿ, ಅದನ್ನು ನೀರೆಂದು ಕುಡಿಯುವ ಮಗು ಯಾವ ಮನೆಯಲ್ಲಾದರೂ ಇರಬಹುದು. ಕೊಳದ ಉದ್ದ, ಅಗಲ, ಆಳ ಹೇಳದವನಿಗೆ ಕೊಡುವ ಮೊದಲು ಮನೆಗೆ ಫೋನ್ ಮಾಡಿಸಿ ಕೇಳಿ. ಕಿಟ್ ಇಲ್ಲದವನಿಗೆ ಮೊದಲು ಕಿಟ್ ಮಾರಿ.

ಚೀಟಿಯ ಖರ್ಚು ಒಂದು ಚೀಲ ಬ್ಲೀಚಿಂಗ್ ಪೌಡರಿನ ಲಾಭಕ್ಕಿಂತ ಹೆಚ್ಚಾಗಲಾರದು. ಬೇಸಿಗೆಯ ಸರಕು ಇಳಿಯುವ ಮೊದಲು ನಿಮ್ಮ ವರ್ತಕರ ಸಭೆಯಲ್ಲಿ ಈ ವಿಷಯ ಎತ್ತಿ, ಒಕ್ಕಣೆಯಲ್ಲಿ ತಪ್ಪಿದೆಯೇ ಎಂದು ರಸಾಯನಶಾಸ್ತ್ರ ಬಲ್ಲ ಮೇಷ್ಟರೊಬ್ಬರಿಂದ ನೋಡಿಸಿ, ಈ ಮಾರ್ಚ್ ತಿಂಗಳಿಂದಲೇ ಕೊಡಲು ಶುರುಮಾಡಿ.